ಬೆರ್ಕಾನಜ್ಜನ ಕಿಂಡಿ

ಗೋಡೆಯ ಮೇಲಿನ ಕಲ್ಲಿನ ಸಾಲು ಕಳಚಿ ಬಿದ್ದಾಗ ಒಳಗಿನಿಂದ ಬೆಣ್ಣೆಯ ವಾಸನೆ ಬಂತು.

ಹೆಣದ ನಾತಕ್ಕೆ ಸಿದ್ಧರಾಗಿ ಮೇಲಂಗಿಯ ಅಂಚನ್ನು ಮೂಗಿಗೆ ಒತ್ತಿಕೊಂಡಿದ್ದ ನಾವು ಒಬ್ಬರ ಮುಖ ಒಬ್ಬರು ನೋಡಿದೆವು. ಹಾರೆ ಹಿಡಿದಿದ್ದ ಮಠದ ಇಬ್ಬರು ಸಹೋದರರು ಕೈ ನಿಲ್ಲಿಸಿಬಿಟ್ಟರು.

"ಯಾಕೆ ನಿಂತ್ರಿ? ಕೀಳ್ರಪ್ಪ," ಎಂದರು ಕೊಲ್ಕು.

ಕೊಲ್ಕು ನ್ಯಾಯ ಹೇಳುವವರು. ಅರಸರ ಜಗಳವನ್ನೂ ದನಗಳ್ಳರ ಜಗಳವನ್ನೂ ಒಂದೇ ದನಿಯಲ್ಲಿ ತೀರಿಸುತ್ತಾರೆಂದು ಆಚೆ ದಡದಲ್ಲೆಲ್ಲ ಹೆಸರು. ದಪ್ಪ ಆಳು. ನಮ್ಮ ಇನಿಷ್ ಲೋನ್ ದ್ವೀಪಕ್ಕೆ ಬರುವಾಗ ಚರ್ಮದ ದೋಣಿಯಲ್ಲಿ ಹೊಟ್ಟೆಯೊಳಗಿನದೆಲ್ಲವನ್ನೂ ಕಡಲಿಗೆ ಕೊಟ್ಟು, ಇಳಿದ ಕೂಡಲೇ ನಾನು ನೋಡಿಕೊಳ್ಳುವ ಅತಿಥಿಮನೆಗೆ ಬಂದು ಒಂದು ಗಡಿಗೆ ಮೊಸರು ಖಾಲಿ ಮಾಡಿದ್ದರು.

ಆ ಗೋಡೆಯೊಳಗೆ ತಪಸ್ಸಿಗೆ ಕುಳಿತಿದ್ದ ಬೆರ್ಕಾನಜ್ಜ ಅವತ್ತು ಬೆಳಿಗ್ಗೆ ಕಿಂಡಿಯಲ್ಲಿ ಸೊಲ್ಲೆತ್ತಿರಲಿಲ್ಲ. ಹಿಂದಿನ ದಿನ ಇಟ್ಟ ರೊಟ್ಟಿ ಇಟ್ಟ ಹಾಗೇ ಇತ್ತು. ಕಡಲು ತುಂಬುವ ಹೊತ್ತಿಗೆ ಅರಸ ಕೆಲಾಖ್ ಬಂದು, ತನ್ನ ತಮ್ಮ ಫೈಲ್ಬೆಯನ್ನು ಕೊಂದವನು ತಾನಲ್ಲವೆಂದು ಅದೇ ಕಿಂಡಿಯ ಮುಂದೆ ಆಣೆ ಇಡಬೇಕಿತ್ತು. ಅದಕ್ಕೇ ಗೋಡೆ ಒಡೆಯಲು ಕೊಲ್ಕು ಹೇಳಿದ್ದು.

"ಇದು ಪಾಪ," ಎಂದರು ನಮ್ಮ ಮಠದ ಹಿರಿಯರಾದ ಡಿಕುಲ್. "ದೇವರಿಗೆ ಮಾತು ಕೊಟ್ಟು ಒಳಗೆ ಕೂತಿರೋ ತಪಸ್ವಿ. ಗೋಡೆ ಕಟ್ಟಿಸಿ ಹರಸಿದವನು ನಾನು. ಈಗ ಒಡೆಸೋನೂ ನಾನೇ ಆಗಬೇಕಾ?"

"ಒಡೆಸ್ತಿರೋದು ನಾನು, ಅಪ್ಪಾವ್ರೇ. ಒಳಗೆ ಬಿದ್ದು ಒದ್ದಾಡ್ತಿದ್ರೆ? ನೋಡದೆ ಬಿಟ್ಟ ಪಾಪ ಯಾರಿಗೆ ಬರುತ್ತೆ?"

ದೂರದ ಶಿಲುಬೆ ಕಲ್ಲಿನ ಹತ್ತಿರ ರೋನತ್ ನಿಂತಿದ್ದಳು. ಸತ್ತ ಫೈಲ್ಬೆಯ ಹೆಂಡತಿ. ಹಿಂದಿನ ದಿನ ಬೆಳಗಾಗುವಾಗ ಅತಿಥಿಮನೆಯ ಬಾಗಿಲಿಗೆ ಬಂದು, ಮೀನುಗಾರರು ಬಿಟ್ಟುಹೋದರು ಎಂದಿದ್ದಳು. ಹಾಲಿನಂತೆ ಬಿಳಿಚಿದ ಮುಖ. ಬಿಸಿಲಿಗೆ ಕಣ್ಣು ಬಿಡಲಾಗದೆ ಕೈ ಅಡ್ಡ ಹಿಡಿದಿದ್ದಳು. ಅತ್ತು ಅತ್ತು ಹಾಗಾಗಿದೆ ಎಂದುಕೊಂಡು ನಾನು ಬಿಸಿ ಹಾಲು ಕೊಟ್ಟು ಸುಮ್ಮನಾಗಿದ್ದೆ.

ಗೋಡೆಯ ಉಳಿದ ಭಾಗ ಒಮ್ಮೆಲೇ ಕುಸಿಯಿತು. ವರ್ಷಗಳಿಂದ ಬೆಳಕು ಕಾಣದ ಕಲ್ಲುಗುಡಿಸಲಿನೊಳಗೆ ಬೆಳಗಿನ ಬಿಸಿಲು ಬಿತ್ತು.

ಮೂಲೆಯಲ್ಲಿ ಅಜ್ಜ ಕುಳಿತಿದ್ದರು. ಗೋಡೆಗೆ ಒರಗಿ, ಮುಸುಕು ಹಣೆಯವರೆಗೆ ಎಳೆದುಕೊಂಡು, ಕೈಗಳನ್ನು ತೊಡೆಯ ಮೇಲಿಟ್ಟುಕೊಂಡು.

"ಬೆರ್ಕಾನ್," ಎಂದು ಡಿಕುಲ್ ಕರೆದರು. "ಬೆರ್ಕಾನ್, ನಾನು ಕಣಪ್ಪ."

ಕೊಲ್ಕು ಕಲ್ಲುರಾಶಿಯನ್ನು ಏದುಸಿರು ಬಿಡುತ್ತ ದಾಟಿ ಒಳಗೆ ಹೋಗಿ, ಮುಸುಕನ್ನು ಎರಡು ಬೆರಳಲ್ಲಿ ಹಿಂದಕ್ಕೆ ಸರಿಸಿದರು.

ಮುಖ ಇರಲಿಲ್ಲ. ಬಿಳಿಯ ಎಲುಬಿತ್ತು. ಕಣ್ಣಿನ ಗುಳಿಯಲ್ಲಿ ಜೇಡ ಬಲೆ ಕಟ್ಟಿತ್ತು. ಕೆಳದವಡೆ ಕಳಚಿ ಎದೆಗೂಡಿನ ಮೇಲೆ ಬಿದ್ದು ಅದೆಷ್ಟು ಕಾಲವಾಗಿತ್ತೋ.

ನನ್ನ ಪಕ್ಕದಲ್ಲಿದ್ದ ಮುದಿ ಸಹೋದರನೊಬ್ಬ ನಿಂತಲ್ಲೇ ಕುಸಿದ. ಹಾರೆ ಕಲ್ಲಿನ ಮೇಲೆ ಬಿದ್ದು ಠಣ್ಣೆಂದಿತು. ಯಾರೋ ಕಿರುಚಿದರು, "ಮೊನ್ನೆ ಮೊನ್ನೆ ಮಾತಾಡಿದೀನಲ್ಲಪ್ಪ ನಾನು!"

"ನನಗೆ ಉಪವಾಸ ಹೇಳಿದ್ರು! ಇವರೇ ಹೇಳಿದ್ರು!"

"ನನ್ನ ಹೆಸರು ಹಿಡಿದು ಕರೆದ್ರು!"

ಆಮೇಲೆ ಆ ಕಿಂಡಿಯ ಮುಂದೆ ತಾನು ಏನೇನು ಹೇಳಿಕೊಂಡಿದ್ದೆ ಎಂದು ಪ್ರತಿಯೊಬ್ಬನೂ ನೆನಪಿಸಿಕೊಳ್ಳುತ್ತಿದ್ದ.

ಹೋದ ಚಳಿಗಾಲ ಆಚೆ ದಡದಿಂದ ಅಮ್ಮ ಹೋದ ಸುದ್ದಿ ಬಂದಾಗ ನಾನು ಓಡಿ ಬಂದು ಕುಳಿತದ್ದು ಇಲ್ಲೇ. ಕಿಂಡಿಗೆ ಇಳಿಬಿಟ್ಟ ತೊಗಲಿನ ಪರದೆಯ ಹಿಂದಿನಿಂದ ಎಂದಿನ ಪಿಸುದನಿ ಬಂದಿತ್ತು. "ಅಳು ಮಗಾ. ಇಲ್ಲಿ ಯಾರೂ ನೋಡಲ್ಲ." ನಾನು ಅತ್ತು ಮುಗಿಸುವವರೆಗೂ ಆ ದನಿ ಒಂದೇ ಒಂದು ಸ್ತೋತ್ರ ಹೇಳಲಿಲ್ಲ, ಒಂದು ಬುದ್ಧಿವಾದ ಹೇಳಲಿಲ್ಲ. ಕೊನೆಗೆ ಕೇಳಿತ್ತು: "ನಿಮ್ಮಮ್ಮ ಹಾಲು ಕರೆಯೋವಾಗ ಏನು ಹಾಡ್ತಿದ್ರು?" ನಾನು ಹಾಡಿ ತೋರಿಸಿದ್ದೆ.

ಈ ಎಲುಬಿನ ಗೂಡಿಗೆ ಹಾಡಿ ತೋರಿಸಿದ್ದೆನೇ?

"ಎರ್ಕ್," ಎಂದು ಕೊಲ್ಕು ನನ್ನನ್ನು ಕರೆದರು. "ಇಲ್ಲಿ ಬಾ. ಬಾಕಿಯವರು ಗುಡಿಗೆ ಹೋಗಿ ಪ್ರಾರ್ಥನೆ ಮಾಡಿ. ಯಾರೂ ದಡದ ಕಡೆ ಹೋಗಬೇಡಿ."

ನಾನು ತಿರುಗಿ ನೋಡಿದಾಗ ಶಿಲುಬೆ ಕಲ್ಲಿನ ಹತ್ತಿರ ರೋನತ್ ಇರಲಿಲ್ಲ.

*

ಒಳಗೆ ನಾವಿಬ್ಬರು ಬಗ್ಗಿ ನಿಲ್ಲುವಷ್ಟು ಜಾಗ. ಅದರಲ್ಲಿ ಮುಕ್ಕಾಲು ಪಾಲು ಕೊಲ್ಕು ಅವರೇ ತುಂಬಿಕೊಂಡಿದ್ದರು.

"ಏಟು ಬಿದ್ದ ಗುರುತಿಲ್ಲ," ಎಂದರು ತಲೆಬುರುಡೆಯನ್ನು ಕೈಯಲ್ಲಿ ತಿರುಗಿಸುತ್ತ. "ಎಲುಬು ಒಂದೂ ಮುರಿದಿಲ್ಲ. ಪಾಪ, ಕೂತಲ್ಲೇ ಹೋಗಿದಾರೆ. ಅಂಗಿ ಮುಟ್ಟಿ ನೋಡು."

ಮುಟ್ಟಿದೆ. ಬಟ್ಟೆ ಬೂದಿಯಂತೆ ಉದುರಿತು.

"ಈಗ ಇದನ್ನ ಮುಟ್ಟು."

ಅಜ್ಜನ ಮೊಣಕಾಲಿನ ಮೇಲೆ ಒಂದು ಉಣ್ಣೆಯ ಹೊದಿಕೆ ಇತ್ತು. ಅದು ಗಟ್ಟಿಯಾಗಿತ್ತು, ಮೆತ್ತಗಿತ್ತು, ಧೂಳಿರಲಿಲ್ಲ. ಚಳಿಗೆ ಅಜ್ಜನ ಕಾಲು ಮರಗಟ್ಟದಿರಲಿ ಎನ್ನುವಂತೆ ಯಾರೋ ಸುತ್ತಲೂ ಅಂಚು ಒತ್ತಿ ಹೊದಿಸಿದ್ದರು.

"ಸತ್ತು ವರ್ಷಗಳಾದವರಿಗೆ ಹೋದ ಚಳಿಗಾಲ ಹೊದಿಕೆ ಹೊದಿಸಿದಾರೆ," ಎಂದರು ಕೊಲ್ಕು. ಅವರ ಮುಖದಲ್ಲಿ ಎಂದಿನ ತಮಾಷೆ ಇರಲಿಲ್ಲ.

ಕಿಂಡಿಯ ಕೆಳಗೆ ಸೀಲ್ ಪ್ರಾಣಿಯ ಚರ್ಮ ಹಾಸಿತ್ತು. ಅದರಲ್ಲಿ ಎರಡು ಕುಳಿಗಳು. ಮೊಣಕಾಲೂರಿ ಊರಿ ಕೂದಲು ಸವೆದು ಚರ್ಮ ನುಣುಪಾಗಿತ್ತು. ಪಕ್ಕದಲ್ಲಿ ಜವೆಗೋಧಿ ರೊಟ್ಟಿಯ ಚೂರು, ಒಂದು ಮರದ ಬಟ್ಟಲು. ಬಟ್ಟಲನ್ನು ತೊಳೆದು ಬೋರಲಿಟ್ಟಿದ್ದರು.

ಕುಳಿಗೂ ಎಲುಬಿನ ಪಾದಕ್ಕೂ ನಡುವೆ ಒಂದು ಗೇಣು ಜಾಗ. ಯಾರೋ ಇಲ್ಲಿ ಮಂಡಿಯೂರಿ, ಸತ್ತವರ ಕಾಲಿಗೆ ಬೆನ್ನು ತಾಗಿಸಿಕೊಂಡು, ನಮ್ಮೆಲ್ಲರ ಪಾಪ ಕೇಳಿದ್ದರು.

ಕೊಲ್ಕು ಚರ್ಮವನ್ನು ಎಳೆದು ಬದಿಗೆ ಹಾಕಿದರು. ಕೆಳಗೆ ಚಪ್ಪಡಿ. ಅದರ ಅಂಚಿನಲ್ಲಿ ಬೆರಳು ತೂರುವ ಸಂದು. ನಾನು ಎತ್ತಿದೆ, ತಣ್ಣನೆಯ ಗಾಳಿ ಮುಖಕ್ಕೆ ಬಡಿಯಿತು, ಅದರ ಜೊತೆ ಅದೇ ಬೆಣ್ಣೆಯ ವಾಸನೆ.

"ಇದೆಲ್ಲಿಗೆ ಹೋಗುತ್ತೆ?"

"ಬೆಣ್ಣೆ ಇಡೋ ನೆಲಮಾಳಿಗೆಗೆ ಇರಬೇಕು," ಎಂದೆ. "ಕಡಲುಗಳ್ಳರು ಬಂದರೆ ಬಚ್ಚಿಟ್ಟುಕೊಳ್ಳೋಕೆ ಹಿಂದಿನವರು ಸುರಂಗ ತೋಡಿದ್ರು ಅಂತ ಕೇಳಿದ್ದೆ. ಮುಚ್ಚಿಹೋಗಿದೆ ಅಂತಿದ್ರು."

"ಯಾರು ಅಂತಿದ್ರು?"

"ಉಗ್ರಾಣದ ಗೋಬಾನಣ್ಣ."

"ಅಜ್ಜನಿಗೆ ದಿನಾ ರೊಟ್ಟಿ ತರ್ತಿದ್ದೋನು?"

"ಅವನೇ."

ಕೊಲ್ಕು ತಮ್ಮ ಹೊಟ್ಟೆ ನೋಡಿಕೊಂಡು, ಆ ತೂತನ್ನು ನೋಡಿದರು. "ನಾನಿಳಿದ್ರೆ ಅಲ್ಲೇ ಸಿಕ್ಕಿಹಾಕ್ಕೋತೀನಿ. ಆಮೇಲೆ ನಿಮಗೆ ಇನ್ನೊಬ್ಬ ಸಂತ ಸಿಕ್ಕಂಗಾಗುತ್ತೆ. ನೀನಿಳಿ. ನಾನು ಮೆಟ್ಟಿಲ ಕಡೆಯಿಂದ ಬರ್ತೀನಿ."

*

ತೆವಳಿಕೊಂಡೇ ಹೋಗಬೇಕಾಗಿತ್ತು. ಎರಡೂ ಕಡೆ ಕಲ್ಲು, ಮೇಲೆ ಕಲ್ಲು, ಮೊಣಕೈ ಕೆಳಗೆ ಒದ್ದೆ ಮಣ್ಣು. ಒಂದು ತಿರುವಿನಲ್ಲಿ ಕಲ್ಲಿನ ಮೂತಿ ನನ್ನ ಕೆನ್ನೆಗೆ ತಾಗಿತು. ಅಲ್ಲಿ ಏನೋ ನೂಲಿನಂಥದ್ದು ಸಿಕ್ಕಿಕೊಂಡು ಮುಖಕ್ಕೆ ಅಂಟಿತು. ಎಳೆದು ಬೆರಳಿಗೆ ಸುತ್ತಿಕೊಂಡೆ. ಕತ್ತಲಲ್ಲಿ ಏನೆಂದು ತಿಳಿಯಲಿಲ್ಲ.

ಮುಂದೆ ಬೆಳಕು ಕಂಡಿತು. ಬೆಣ್ಣೆಯ ಮರದ ಪೀಪಾಯಿಯೊಂದನ್ನು ತಳ್ಳಿಕೊಂಡು ನಾನು ಹೊರಬಂದಾಗ ಗೋಬಾನ್ ಎದುರಿಗೇ ಕುಳಿತಿದ್ದ. ಒಂದು ಕಾಲು ಮಡಿಸಿ, ಇನ್ನೊಂದನ್ನು ಕೋಲಿನಂತೆ ಮುಂದಕ್ಕೆ ಚಾಚಿ. ಕೈಯಲ್ಲಿ ಅರ್ಧ ತೊಳೆದ ಹಾಲಿನ ಪಾತ್ರೆ.

"ಗೋಡೆ ಬಿದ್ದ ಸದ್ದು ಕೇಳಿಸ್ತು," ಎಂದ. "ಬರ್ತೀರಿ ಅಂತ ಗೊತ್ತಿತ್ತು. ನೀನು ಬರ್ತೀಯ ಅಂತ ಗೊತ್ತಿರ್ಲಿಲ್ಲ ಎರ್ಕ್. ಬೇರೆ ಯಾರಾದ್ರೂ ಬಂದಿದ್ರೆ ಚೆನ್ನಾಗಿತ್ತು."

ಮೆಟ್ಟಿಲ ಮೇಲೆ ಕೊಲ್ಕು ಅವರ ಭಾರವಾದ ಹೆಜ್ಜೆ, ಹಿಂದೆಯೇ ಡಿಕುಲ್ ಅವರ ಊರುಗೋಲು ಕೇಳಿಸಿತು.

ಕೊಲ್ಕು ಕುಳಿತುಕೊಳ್ಳಲೂ ಇಲ್ಲ. "ಗೋಬಾನ್, ಅಜ್ಜನ ರೊಟ್ಟಿ ಯಾರು ತಿಂತಿದ್ರು?"

"ನಾನೇ."

"ಕಿಂಡೀಲಿ ಮಾತಾಡ್ತಿದ್ದೋರು?"

"ನಾನೇ, ಸ್ವಾಮಿ."

ಡಿಕುಲ್ ಊರುಗೋಲು ಎತ್ತಿದರು. ಹೊಡೆದೇಬಿಡುತ್ತಾರೆ ಎಂದುಕೊಂಡೆ. ಕೋಲು ಗಾಳಿಯಲ್ಲೇ ನಿಂತಿತು. "ವಾರ ವಾರ ಬರ್ತಿದ್ದೆ ನಾನು," ಎಂದರು. "ಈ ಮಠದಲ್ಲಿ ಯಾರಿಗೂ ಹೇಳದ್ದನ್ನ... ನಿನ್ನ ಹತ್ರನಾ? ಹಾಲು ಪಾತ್ರೆ ತೊಳೆಯೋ ನಿನ್ನ ಹತ್ರನಾ?"

"ಅಪ್ಪಾವ್ರೇ, ನೀವು ಹೇಳಿದ್ದರಲ್ಲಿ ಒಂದು ಮಾತು ನನ್ನ ಬಾಯಿಂದ ಆಚೆ ಹೋಗಿಲ್ಲ. ಹೋಗೋದೂ ಇಲ್ಲ."

"ಯಾಕೋ? ಯಾಕೆ ಮಾಡಿದೆ?"

ಗೋಬಾನ್ ಪಾತ್ರೆಯನ್ನು ಕೆಳಗಿಟ್ಟ. "ಗೋಡೆ ಕಟ್ಟಿದ ಮೊದಲನೇ ಚಳಿಗಾಲದಲ್ಲೇ ಹೋಗ್ಬಿಟ್ರು. ರೊಟ್ಟಿ ಹಾಗೇ ಇತ್ತು. ಸುರಂಗದಲ್ಲಿ ಹೋಗಿ ನೋಡ್ದೆ, ತಣ್ಣಗಾಗಿದ್ರು. ನಿಮಗೆ ಹೇಳೋಣ ಅಂತಾನೇ ತಿರುಗಿದೆ. ದೇವರಾಣೆ. ಅಷ್ಟರಲ್ಲಿ ಕಿಂಡಿ ಆಚೆ ಯಾವುದೋ ಹೆಂಗಸು. ಮಗು ಅಲೆಗೆ ಸಿಕ್ಕಿ ಹೋಗಿತ್ತಂತೆ. ತಾನೂ ಹೋಗ್ತೀನಿ ಅಂತಿದ್ಲು. 'ಅಜ್ಜಾ, ಒಂದು ಮಾತಾಡಿ, ಒಂದೇ ಒಂದು ಮಾತು' ಅಂತ ತಲೆ ಚಚ್ಚಿಕೊಳ್ತಿದ್ಲು. ಒಳಗೆ ಅವರು ಹೆಣ. ನಾನೇನ್ ಮಾಡ್ಲಿ, ಹೇಳಿ? ಮಾತಾಡಿದೆ."

ಗೋಬಾನ್ ಚಾಚಿದ ಕಾಲನ್ನು ಸರಿಮಾಡಿಕೊಂಡ.

"ಆ ಹೆಂಗಸು ಮನೆಗೆ ಹೋದ್ಲು. ಬದುಕಿದ್ಲು. ಮಾರನೇ ದಿನ ಇನ್ನೊಬ್ರು ಬಂದ್ರು."

"ಆಮೇಲೆ ಬಿಡೋಕಾಗ್ಲಿಲ್ಲ," ಎಂದರು ಕೊಲ್ಕು.

"ಆಗ್ಲಿಲ್ಲ."

ಕೊಲ್ಕು ಒಂದು ಹೆಜ್ಜೆ ಮುಂದೆ ಬಂದು ಅವನೆದುರು ಬಗ್ಗಿದರು. ಅವರ ದನಿ ಇಳಿದಿತ್ತು. "ಈ ವಸಂತದಲ್ಲಿ, ಯೇಸು ಎದ್ದ ಪಾಸ್ಕ ಹಬ್ಬಕ್ಕೆ ಅರಸ ಬಂದಿದ್ದನಲ್ಲ. ಆಳುಗಳನ್ನ ದೂರ ನಿಲ್ಲಿಸಿ ಒಬ್ಬನೇ ಕಿಂಡಿ ಮುಂದೆ ಕೂತಿದ್ದ. ಏನು ಹೇಳಿಕೊಂಡ?"

"ಅದನ್ನ ಕೇಳೋ ಹಂಗಿಲ್ಲ!" ಎಂದರು ಡಿಕುಲ್. "ಯಾರೇ ಕೇಳಿಸಿಕೊಂಡಿರಲಿ, ಅದು ದೇವರಿಗೆ ಹೇಳಿದ ಮಾತು."

"ನಾನು ಕೇಳಲೇಬೇಕು, ಅಪ್ಪಾವ್ರೇ. ತಪಸ್ವಿಯ ಮಾತಿನ ಎದುರು ಅರಸನ ಮಾತೂ ನಿಲ್ಲಲ್ಲ ಅನ್ನೋದು ನಮ್ಮ ಕಾನೂನು. ಇನ್ನು ಸ್ವಲ್ಪ ಹೊತ್ತಿಗೆ ಅವನು ಬರ್ತಾನೆ. ಒಳಗಿದ್ದೋನು ಉಗ್ರಾಣದ ಆಳು ಅಂತ ತಿಳಿದ್ರೆ ಇವನ ಕತ್ತು ಉಳಿಯುತ್ತಾ? ಹೇಳು ಗೋಬಾನ್. ತಮ್ಮನ ವಿಷಯ ಎತ್ತಿದ್ನಾ? ಯಾರದಾದ್ರೂ ಹೆಸರು ಹೇಳಿದ್ನಾ?"

ಗೋಬಾನ್ ತಲೆಯೆತ್ತಿದ. ಅವನ ಕಣ್ಣಲ್ಲಿದ್ದದ್ದು ಅರಸನ ಭಯವಲ್ಲ, ಬೇರೆ ಯಾವುದೋ ಭಯ.

"ಪಾಸ್ಕಕ್ಕೆ ಒಳಗಿದ್ದೋನು ನಾನಲ್ಲ ಸ್ವಾಮಿ."

"ಏನಂದೆ?"

"ಚಳಿಗಾಲ ಹುಟ್ಟೋ ಹಬ್ಬದ ಹೊತ್ತಿಗೆ ಕಡಲಸೊಪ್ಪು ತರೋಕೆ ಹೋಗಿ ಬಂಡೆ ಮೇಲೆ ಜಾರಿದೆ. ಎರ್ಕ್ ಹೊತ್ಕೊಂಡು ಬಂದ, ಅವನೇ ಕಟ್ಟು ಕಟ್ಟಿದ. ಕೇಳಿ ಅವನನ್ನ. ಅವತ್ತಿಂದ ಈ ಮೊಣಕಾಲು ಮಡಚಲ್ಲ." ಚಾಚಿದ ಕಾಲನ್ನು ಕೈಯಿಂದ ತಟ್ಟಿದ. "ಇದನ್ನ ಇಟ್ಕೊಂಡು ಆ ತೂತಲ್ಲಿ ತೆವಳೋಕಾಗುತ್ತಾ? ಒಂದ್ಸಲ ನೋಡಿದೆ. ಸಿಕ್ಕಿಹಾಕ್ಕೊಂಡು ಸಾಯೋ ಹಂಗಾಯ್ತು. ಆಮೇಲೆ ಹೋಗಿಲ್ಲ."

ನಿಜ. ಆ ಕಾಲಿಗೆ ಪಟ್ಟಿ ಸುತ್ತಿದವನು ನಾನೇ.

"ಮತ್ತೆ ರೊಟ್ಟಿ?"

"ಇಡ್ತಾನೇ ಇದ್ದೆ. ಇಡದೇ ಇದ್ರೆ ಗೊತ್ತಾಗಿಬಿಡುತ್ತಲ್ಲ. ಯಾರೂ ಇಲ್ಲದಾಗ ಕಿಂಡಿಯಿಂದಲೇ ವಾಪಸ್ ತಗೊಂಡ್ರಾಯ್ತು ಅಂತ. ಮೊದಲನೇ ದಿನ ಸಂಜೆ ಹೋಗಿ ಪರದೆ ಕೆಳಗೆ ಕೈ ಹಾಕ್ದೆ." ಅವನು ಕೈ ಚಾಚಿ ತೋರಿಸಿದ. "ಬಟ್ಟಲು ಖಾಲಿ. ತೊಳೆದಿಟ್ಟಿತ್ತು."

ಡಿಕುಲ್ ಶಿಲುಬೆಯ ಗುರುತು ಹಾಕಿಕೊಂಡರು.

"ಅಲ್ಲೇ ಮಂಡಿ ಊರೋಕೆ ಹೋಗಿ ಬಿದ್ದೆ, ಈ ಕಾಲಲ್ಲಿ. ಅಜ್ಜ ಎದ್ರು ಅಂದ್ಕೊಂಡೆ. ಇಷ್ಟು ವರ್ಷ ಅವರ ಹೆಸರಲ್ಲಿ ನಾನು ಆಡಿದ್ದನ್ನೆಲ್ಲ ಕ್ಷಮಿಸಿ, 'ಸಾಕು, ಇನ್ಮೇಲೆ ನಾನೇ ಮಾತಾಡ್ತೀನಿ' ಅಂತ ಎದ್ದು ಕೂತ್ರು ಅಂದ್ಕೊಂಡೆ. ಜನ ಕಿಂಡಿಯಿಂದ ಕಣ್ಣು ಒರೆಸಿಕೊಂಡು ಬರ್ತಿದ್ರು. ಎರ್ಕ್ ಬಂದಿದ್ದನ್ನೂ ನೋಡ್ದೆ. ಒಳಗಿಂದ ಉತ್ತರ ಬರ್ತಿತ್ತು. ನಾನಿಲ್ಲಿ ಕೂತಿದ್ದೆ! ಇಲ್ಲಿ, ಈ ಪೀಪಾಯಿ ಪಕ್ಕ! ಪವಾಡ ಅನ್ನದೆ ಇನ್ನೇನನ್ಲಿ? ಅವತ್ತಿಂದ ದಪ್ಪ ರೊಟ್ಟಿ ಇಡ್ತಿದ್ದೆ. ಬೆಣ್ಣೆ ಹಚ್ಚಿ."

ಆಗ ಅವನು ಅತ್ತ. ಇಷ್ಟು ಹೊತ್ತು ತನ್ನ ಸುಳ್ಳನ್ನು ಒಪ್ಪಿಕೊಳ್ಳುವಾಗ ಅಳದವನು ತನ್ನ ಪವಾಡ ಹೋಯಿತೆಂದು ಅತ್ತ. "ಈಗ ನೀವು ಎಲುಬು ಅಂತೀರಿ. ಎದ್ದೇ ಇಲ್ಲ ಅಂತೀರಿ."

"ನೆಲಮಾಳಿಗೇಲಿ ಬೆಣ್ಣೆ ಕಮ್ಮಿಯಾಗ್ತಿದೆ ಅಂತ ಬೊಬ್ಬೆ ಹಾಕ್ತಿದ್ಯಲ್ಲ," ಎಂದೆ ನಾನು. ನನ್ನ ದನಿ ನನಗೇ ಅಪರಿಚಿತವಾಗಿತ್ತು. "ಬೆಕ್ಕು ಅಂದೆ. ನಾನು ಆ ಬಡಪಾಯಿ ಬೆಕ್ಕನ್ನ ಓಡಿಸ್ಕೊಂಡು ದ್ವೀಪ ಪೂರ್ತಿ ಸುತ್ತಿದ್ದೆ."

"ಬೆಕ್ಕು ಅಂತಾನೇ ಅಂದ್ಕೊಂಡಿದ್ದೆ ಕಣೋ."

ಕೊಲ್ಕು ಗೋಡೆಗೆ ಒರಗಿದ್ದರು. ಹಣೆಯ ಮೇಲೆ ಬೆವರು. ಆ ತಂಪು ನೆಲಮಾಳಿಗೆಯಲ್ಲಿ ನಾನು ಹಲ್ಲು ಕಟಕಟಿಸುತ್ತಿದ್ದರೆ ಅವರು ಬೆವರುತ್ತಿದ್ದರು. "ಹಾಗಾದ್ರೆ ಅರಸನ ಮಾತು ಕೇಳಿದ್ದು ಯಾರು?" ಎಂದರು ತಮಗೆ ತಾವೇ. "ಯಾರು ಕೇಳಿದ್ದು?"

ಆಗ ಬೆರಳಿಗೆ ಸುತ್ತಿಕೊಂಡದ್ದು ನೆನಪಾಯಿತು. ಮೆಟ್ಟಿಲ ಬೆಳಕಿಗೆ ಕೈ ಒಡ್ಡಿ ಬಿಚ್ಚಿದೆ.

ಕೂದಲು. ಒಂದೇ ಎಳೆ, ಬಿಚ್ಚಿದಷ್ಟೂ ಬರುತ್ತಿತ್ತು, ನನ್ನ ಮೊಳಕ್ಕಿಂತ ಉದ್ದ. ತಾಮ್ರದ ತಂತಿಯಂತೆ ಹೊಳೆಯಿತು.

ಮುಂದಲೆ ಬೋಳಿಸಿ ಹಿಂದೆ ಮಾತ್ರ ಕೂದಲು ಬಿಡುವವರು ನಾವು. ನಮ್ಮಲ್ಲಿ ಯಾರದೂ ಭುಜ ದಾಟುವುದಿಲ್ಲ.

"ಹೆಂಗಸು," ಎಂದರು ಡಿಕುಲ್. ಅಷ್ಟು ಹೇಳಿ ಬೆಣ್ಣೆಯ ಪೀಪಾಯಿಯ ಮೇಲೆ ಕುಳಿತುಬಿಟ್ಟರು. "ಚಳಿಗಾಲ ಪೂರ್ತಿ... ನಾವೆಲ್ಲ... ಒಬ್ಬ ಹೆಂಗಸಿನ ಮುಂದೆ..."

ನನ್ನ ಕಣ್ಣ ಮುಂದೆ ಅತಿಥಿಮನೆಯ ಬಾಗಿಲು ಬಂತು. ಬೆಳಕಿಗೆ ಅಡ್ಡ ಹಿಡಿದ ಕೈ. ಬಿಳಿಚಿದ ಮುಖ. ಅವತ್ತು ಬೆಳಗಾಗುವಾಗ ದಡದಲ್ಲಿ ಯಾವ ದೋಣಿಯನ್ನೂ ನಾನು ನೋಡಿರಲಿಲ್ಲ.

"ರೋನತ್ ಒಂದ್ಸಲ ಬಂದಿದ್ಲು," ಎಂದ ಗೋಬಾನ್ ಕೂದಲನ್ನೇ ನೋಡುತ್ತ. "ಹೋದ ಬೇಸಿಗೇಲಿ, ಗಂಡ ಕಾಣೆಯಾದ ಮೇಲೆ. ಕೊಂದೋನು ಯಾರು ಅಂತ ಗೊತ್ತು, ಹೇಳಿದ್ರೆ ನಂಬೋರಿಲ್ಲ ಅಂತ ಅಳ್ತಿದ್ಲು. ನಾನು ಸಮಾಧಾನ ಹೇಳ್ದೆ. ಎದ್ದು ಹೋಗೋವಾಗ, 'ಅಜ್ಜಾ, ತಪಸ್ವಿಗಳ ಉಸಿರಲ್ಲಿ ಬೆಣ್ಣೆ ವಾಸನೆ ಬರುತ್ತಾ?' ಅಂದ್ಲು. ನನಗೆ ಎದೆ ನಿಂತಂಗಾಯ್ತು. ಆದ್ರೆ ಆಮೇಲೆ ಯಾರಿಗೂ ಏನೂ ಹೇಳ್ಲಿಲ್ಲ ಅವಳು."

ಹೊರಗೆ ಕೊಂಬಿನ ಸದ್ದು ಕೇಳಿಸಿತು. ಒಮ್ಮೆ ಉದ್ದಕ್ಕೆ, ಮತ್ತೊಮ್ಮೆ ಗಿಡ್ಡಕ್ಕೆ. ಅರಸನ ದೋಣಿ.

"ಅವಳೆಲ್ಲಿ?" ಎಂದು ಕೊಲ್ಕು ಕೂಗಿದರು. ಅವರು ಕೂಗಿದ್ದನ್ನು ನಾನು ಕೇಳಿದ್ದು ಅದೇ ಮೊದಲು. "ಎರ್ಕ್, ಆ ಹೆಂಗಸೆಲ್ಲಿ? ಅರಸನ ಕಣ್ಣಿಗೆ ಬೀಳೋ ಮೊದಲು ಅವಳು ನನಗೆ ಸಿಗಬೇಕು!"

*

ಸಿಗಲಿಲ್ಲ. ಅತಿಥಿಮನೆಯಲ್ಲಿ ಒಲೆ ಉರಿಯುತ್ತಿತ್ತು, ಮಂಚ ಖಾಲಿಯಿತ್ತು. ನಾವು ದಡದ ಇಳಿಜಾರಿಗೆ ಬಂದಾಗ ರೋನತ್ ದೋಣಿ ನಿಲ್ಲುವ ಬಂಡೆಯ ತುದಿಯಲ್ಲಿದ್ದಳು. ಮುಸುಕು ತೆಗೆದಿದ್ದಳು. ಗಾಳಿಗೆ ಕೂದಲು ಕೆಂಪಾಗಿ ಹಾರುತ್ತಿತ್ತು.

ಕೊಂಬಿನ ಸದ್ದಿಗೆ ಗುಡಿಯಲ್ಲಿದ್ದ ಸಹೋದರರೂ ಹೊರಗೆ ಬಂದು ಇಳಿಜಾರಿನ ಉದ್ದಕ್ಕೂ ನಿಂತಿದ್ದರು. ಡಿಕುಲ್ ನಮ್ಮ ಹಿಂದೆಯೇ ಬಂದರು. ಕಲ್ಲುಗಳು ಜಾರುತ್ತಿದ್ದವು, ಕೊಲ್ಕು ನನ್ನ ಹೆಗಲು ಹಿಡಿದುಕೊಂಡು ಇಳಿದರು.

ದೋಣಿ ಮರಳಿಗೆ ತಾಗುವ ಮೊದಲೇ ಅರಸ ಕೆಲಾಖ್ ನೀರಿಗೆ ಹಾರಿದ. ಎತ್ತರದ ಆಳು, ಎದೆಯ ಮೇಲೆ ಚಿನ್ನದ ಪಿನ್ನು ಚುಚ್ಚಿದ ಕೆನ್ನೀಲಿ ಮೇಲಂಗಿ. ಅವಳನ್ನು ನೋಡಿ ನಕ್ಕ.

"ಏನು ರೋನತ್, ನನ್ನ ಎದುರುಗೊಳ್ಳೋಕೆ ನಿಂತಂಗಿದೆ? ನಿನ್ನ ಅಜ್ಜನ ಮುಂದೆ ಆಣೆ ಇಡ್ತೀನಿ ಇವತ್ತು. ಆಮೇಲಾದ್ರೂ ಬಾಯಿ ಮುಚ್ತೀಯೋ, ಇಲ್ಲ ಬೇರೆ ಗಂಡನ್ನ ಹುಡುಕಿಕೊಡಬೇಕೋ?"

ದೋಣಿಯಲ್ಲಿದ್ದ ಆಳುಗಳು ನಕ್ಕರು.

ರೋನತ್ ಅವನನ್ನೇ ನೋಡಿದಳು. ಆಮೇಲೆ ಮಾತಾಡಿದಳು. ಅದು ಹಿಂದಿನ ದಿನ ನನ್ನ ಬಾಗಿಲಲ್ಲಿ ಮಾತಾಡಿದ ದನಿಯಾಗಿರಲಿಲ್ಲ. ಗಂಟಲಿನ ಕೆಳಗಿನಿಂದ ಬರುವ ಒಣ ಪಿಸುದನಿ. ಗಂಡೂ ಅಲ್ಲದ ಹೆಣ್ಣೂ ಅಲ್ಲದ, ತುಂಬ ವಯಸ್ಸಾದ, ತುಂಬ ದಯೆಯ ದನಿ.

"ಪಾಸ್ಕದ ದಿನ ಎಷ್ಟು ಅತ್ತೆಯಪ್ಪ ಕೆಲಾಖ್. ಇವತ್ತು ನಗ್ತಿದ್ದೀಯಲ್ಲ."

ನನ್ನ ಅಮ್ಮನ ಹಾಡು ಕೇಳಿದ್ದ ದನಿ ಅದು. ಮೇಲೆ ನಿಂತಿದ್ದ ಸಹೋದರರಲ್ಲಿ ಒಬ್ಬ ಬಿಕ್ಕಿದ. ಅವರೆಲ್ಲರಿಗೂ ಗುರುತು ಸಿಕ್ಕಿತ್ತು.

ಅರಸನಿಗೂ ಸಿಕ್ಕಿತು. ಬಿಸಿಲಿಗೆ ಕೆಂಪಾಗಿದ್ದ ಮುಖ ನಮ್ಮ ಕಣ್ಣೆದುರಿಗೇ ಬೂದಿಯಾಯಿತು. ಅಲೆ ಬಂದು ಮೊಣಕಾಲಿಗೆ ಬಡಿದದ್ದೂ ಅವನಿಗೆ ತಿಳಿಯಲಿಲ್ಲ.

"ಕಡಲಂಚಿನ ಗುಹೆ ಅಂದೆ ನೀನು," ಎಂದಿತು ಆ ದನಿ. "ಸೊಂಟಕ್ಕೆ ಕಲ್ಲು ಕಟ್ಟಿದೆ ಅಂದೆ. ಸಾಯೋವಾಗ ಅವನು ನಿನ್ನನ್ನ ಅಣ್ಣಾ ಅಂತ ಕರೆದ ಅಂದೆ. ಅದನ್ನ ಕೇಳಿಸಿಕೊಂಡು, ಅಳದೆ, ಕಿರುಚದೆ, ನಿನಗೆ ಪ್ರಾಯಶ್ಚಿತ್ತ ಹೇಳಿ ಕಳಿಸಿದವಳು ನಾನು. ಯಾಕೆ ಗೊತ್ತಾ? ನೀನು ಪೂರ್ತಿ ಹೇಳಿರ್ಲಿಲ್ಲ."

ಅರಸ ನೀರಿನಲ್ಲೇ ಕುಸಿದ. ಆಳುಗಳಲ್ಲಿ ಒಬ್ಬನೂ ದೋಣಿಯಿಂದ ಇಳಿಯಲಿಲ್ಲ.

ರೋನತ್ ತನ್ನ ಸ್ವಂತ ದನಿಗೆ ಮರಳಿದಳು. ಅದು ಒಡೆದಿತ್ತು. "ನಾನೊಬ್ಬನೇ ಅಲ್ಲ ಅಂದೆ, ಭಾವ. ತಮ್ಮನ ಎರಡೂ ಕೈ ಹಿಂದಕ್ಕೆ ಹಿಡಿದಿದ್ದೋನು ಇನ್ನೊಬ್ಬ ಅಂದೆ. ಹೆಸರು ಕೇಳಿದ್ರೆ ಎದ್ದು ಹೋದೆ. ಆ ಹೆಸರಿಗೋಸ್ಕರ ಕಾದೆ ನಾನು. ನಿನ್ನೆಯವರೆಗೂ ಆ ಎಲುಬಿನ ಪಕ್ಕ ಕಾದೆ. ಈಗ ಹೇಳು. ಎಲ್ಲರೂ ಇದಾರೆ."

ಕೆಲಾಖ್ ತಲೆಯೆತ್ತಿದ. ಅವನ ಕಣ್ಣು ದೋಣಿಯ ಆಳುಗಳ ಕಡೆ ಹೋಗಲಿಲ್ಲ. ಇಳಿಜಾರನ್ನು ಹತ್ತಿತು, ಸಹೋದರರನ್ನು ದಾಟಿತು, ಡಿಕುಲ್ ಅವರನ್ನು ದಾಟಿತು. ನನ್ನ ಮೇಲೆ ನಿಂತಿತು ಎನಿಸಿ ನಾನು ಬೆಚ್ಚಿದೆ. ನನ್ನ ಮೇಲಲ್ಲ, ನನ್ನ ಹೆಗಲಿನಾಚೆ.

"ಕೊಲ್ಕು," ಎಂದ ಅರಸ. "ನೀನೇ ಹೇಳ್ತೀಯೋ, ನಾನು ಹೇಳ್ಲೋ?"

ಕೊಲ್ಕು ನನ್ನ ಹೆಗಲಿನಿಂದ ಕೈ ತೆಗೆದರು.